ಕಾವಲು ಮತ್ತು ಬೇಹು

ಚಿತ್ರದುರ್ಗದ ಏಳು ಸುತ್ತಿನ ಕೋಟೆಯನ್ನು ಏರಿದವರೆಲ್ಲರೂ ಓಬವ್ವನ ಕಿಂಡಿಯನ್ನು ಕಂಡಿರುತ್ತಾರೆ. ಹದಿನೆಂಟನೆಯ ಶತಮಾನದಲ್ಲಿ ಹೈದರಾಲಿಯ ಸೈನಿಕರು ಅದರಲ್ಲಿ ನುಸುಳತೊಡಗಿದಾಗ, ಕಾವಲುಗಾರನ ಮಡದಿಯಾದ ಓಬವ್ವನು ಒನಕೆಯಿಂದ ಅವರನ್ನು ಬಡಿದುರುಳಿಸಿದಳೆಂಬುದು ಮನೆಮಾತಾದ ಕಥೆ. ಕೋಟೆಯ ಬತೇರಿಗಳಾದರೂ ಶತ್ರು ಬರುವ ದಾರಿಯನ್ನು ನೋಡುವುದಕ್ಕಾಗಿ ಕಟ್ಟಿದವುಗಳೇ ಹೊರತು ಪ್ರಜೆಗಳ ಒಳಮನೆಯನ್ನು ನೋಡುವುದಕ್ಕಾಗಿ ಅಲ್ಲ. 'ಕಾವಲು' ಎಂಬ ಶಬ್ದದ ತಿರುಳು ಇದೇ.

ಇದರ ನೆರೆಯಲ್ಲಿ ನಿಲ್ಲುವ ಇನ್ನೊಂದು ಶಬ್ದ 'ಬೇಹು'. ನೋಡುವ ಕ್ರಿಯೆಯು ಎರಡರಲ್ಲಿಯೂ ಉಂಟು. ಆದರೆ ಕಾವಲುಗಾರನು ಎಲ್ಲರಿಗೂ ಕಾಣುವಂತೆ ನಿಂತು, ನೋಡಲ್ಪಡುವವರ ಹಿತಕ್ಕಾಗಿ ನೋಡುತ್ತಾನೆ. ಬೇಹಿನವನು ಮರೆಯಲ್ಲಿ ನಿಂತು ತನ್ನ ಒಡೆಯನಿಗಾಗಿ ನೋಡುತ್ತಾನೆ.

ಬೆಂಗಳೂರಿನಂತಹ ಮಹಾನಗರಗಳಲ್ಲಿ ಮಾತ್ರವಲ್ಲ, ಹಿರಿಯೂರು, ಹೊಳಲ್ಕೆರೆಗಳಂತಹ ಪಟ್ಟಣಗಳ ಅಂಗಡಿಬೀದಿಗಳಲ್ಲಿಯೂ ಇಂದು ಕ್ಯಾಮರಾಗಳು ಕಾಣಸಿಗುತ್ತವೆ. ಹೆಚ್ಚು ಜನ ಸೇರುವ ಸಂಸ್ಥೆಗಳಲ್ಲಿ ಇವು ಇರಲೇಬೇಕೆಂದೂ ದೃಶ್ಯಗಳನ್ನು 30 ದಿನ ಕಾಪಿಡಬೇಕೆಂದೂ 2017ರ ಕರ್ನಾಟಕ ಸಾರ್ವಜನಿಕ ಸುರಕ್ಷತಾ ಅಧಿನಿಯಮವು ವಿಧಿಸಿದೆ. ಕಳ್ಳನನ್ನು ಹಿಡಿಯಲು ಇದರಿಂದ ನೆರವಾಗುವುದು ದಿಟ. ಆದರೆ ಅದೇ ದೃಶ್ಯವು ಮತ್ತೊಬ್ಬರ ಕುತೂಹಲಕ್ಕೆ ಸಿಕ್ಕಿದರೆ, ಕಾವಲು ಆಗಲೇ ಬೇಹಾಗುತ್ತದೆ.

ಈ ಅಂತರವು ಅಲ್ಪವಾದುದಲ್ಲ. ದೂರವಾಣಿ ಕದ್ದಾಲಿಕೆಯ ಆರೋಪದ ಕಾರಣದಿಂದ 1988ರ ಆಗಸ್ಟಿನಲ್ಲಿ ಮುಖ್ಯಮಂತ್ರಿ ರಾಮಕೃಷ್ಣ ಹೆಗಡೆಯವರು ಪದತ್ಯಾಗ ಮಾಡಬೇಕಾಯಿತು. ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಾಧೀಶರಾಗಿದ್ದ ಕೆ. ಎಸ್. ಪುಟ್ಟಸ್ವಾಮಿಯವರು 2012ರಲ್ಲಿ, ತಮ್ಮ ಇಳಿವಯಸ್ಸಿನಲ್ಲಿ, ಆಧಾರ್ ವ್ಯವಸ್ಥೆಯನ್ನು ಪ್ರಶ್ನಿಸಿ ಸರ್ವೋಚ್ಚ ನ್ಯಾಯಾಲಯದ ಮೆಟ್ಟಿಲೇರಿದರು. ಆ ಮೊಕದ್ದಮೆಯಲ್ಲಿ 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳ ಪೀಠವು, ಖಾಸಗಿತನವು ಮೂಲಭೂತ ಹಕ್ಕೆಂದು ಒಮ್ಮತದಿಂದ ಸಾರಿತು. ಸರ್ಕಾರವು ಅದರಲ್ಲಿ ಕೈಯಿಡಬೇಕಾದರೆ ಕಾನೂನಿನ ಆಧಾರವಿರಬೇಕು, ನ್ಯಾಯವಾದ ಉದ್ದೇಶವಿರಬೇಕು, ಕ್ರಮವು ಅಗತ್ಯವನ್ನು ಮೀರಿರಬಾರದು.

ಈ ಅಳತೆಗೋಲು ಸರ್ಕಾರಕ್ಕೆ ಮಾತ್ರ ಸಲ್ಲತಕ್ಕದ್ದಲ್ಲ. ನಾನು ಹಿಂದೆ ಒಂದು ವಿದ್ಯಾರ್ಥಿನಿಲಯದ ಮೇಲ್ವಿಚಾರಕನಾಗಿದ್ದಾಗ, ಶಿಸ್ತಿನ ಹೆಸರಿನಲ್ಲಿ ಒಬ್ಬ ಬಾಲಕನಿಗೆ ಬಂದ ಕಾಗದವನ್ನು ಒಡೆದು ಓದಿದೆನು. ಅದರಲ್ಲಿದ್ದುದು ತಂದೆಯ ಸಾಲದ ಸಂಕಟವೊಂದೇ. ಆ ಹುಡುಗನು ಅನಂತರ ನನ್ನೊಡನೆ ಕಣ್ಣೆತ್ತಿ ಮಾತಾಡಲಿಲ್ಲ. ಕಾಯಬೇಕಾಗಿದ್ದ ನಾನು ಬೇಹಿನವನಾಗಿದ್ದೆನು.

ವಿದ್ಯಾರ್ಥಿಗಳೇ, ಗೆಳೆಯನ ಮೊಬೈಲನ್ನು ಅವನರಿಯದೆ ತೆರೆಯುವಾಗ, ಒಪ್ಪಿಗೆಯಿಲ್ಲದೆ ಒಬ್ಬರ ಚಿತ್ರವನ್ನು ಹಂಚುವಾಗ, ಇದು ಕಾವಲೋ ಬೇಹೋ ಎಂದು ನಿಮ್ಮನ್ನೇ ಕೇಳಿಕೊಳ್ಳಿರಿ. ದುರ್ಗದ ಮಕ್ಕಳಾದ ನಾವು ಕಿಂಡಿಯನ್ನು ಕಾಯೋಣ. ಕಿಂಡಿಯಲ್ಲಿ ಇಣುಕುವುದು ಬೇಡ.