ಇಲ್ಲಿ ಬಿಸಿಲಿದ್ದರೂ ಹೊಳೆ ಏರುತ್ತದೆ

ಕರಾವಳಿಯಿಂದ ಮಂಡ್ಯ ಸೀಮೆಗೆ ಹೊಸದಾಗಿ ಬಂದು ನೆಲೆಸಿದವರಿಗೆ ಈ ಮಾತು. ಸಮುದ್ರದ ಉಬ್ಬರ ಎಷ್ಟು ಹೊತ್ತಿಗೆ ಬರುತ್ತದೆಂದು ಮುಂಚೆಯೇ ಲೆಕ್ಕ ಹಾಕಬಹುದು. ಕಾವೇರಿಗೆ ಅಂಥ ಪಂಚಾಂಗವಿಲ್ಲ. ಮಂಡ್ಯದಲ್ಲಿ ಒಂದು ಹನಿ ಬೀಳದಿದ್ದರೂ ಕೊಡಗು, ಹಾಸನದ ಕಡೆ ಜಡಿಮಳೆ ಹಿಡಿದರೆ ಇಲ್ಲಿ ಹೊಳೆ ಏರುತ್ತದೆ.

ನಡುವೆ ಕನ್ನಂಬಾಡಿ ಕಟ್ಟೆ (ಕೆಆರ್‌ಎಸ್) ಇದೆಯಲ್ಲ ಎನ್ನುತ್ತೀರಿ. ಇದೆ. ಗರಿಷ್ಠ ಮಟ್ಟ 124.80 ಅಡಿ, ಹಿಡಿಯುವುದು ಸುಮಾರು 49 ಟಿಎಂಸಿ. ತುಂಬುವವರೆಗೆ ಕಟ್ಟೆ ಪ್ರವಾಹವನ್ನು ತಡೆಯುತ್ತದೆ. ತುಂಬಿದ ಮೇಲೆ ಬಂದ ನೀರನ್ನು ಹೊಳೆಗೆ ಬಿಡದೆ ವಿಧಿಯಿಲ್ಲ. ಹಾಗಾಗಿ ಮಳೆಗಾಲದಲ್ಲಿ ದಿನವೂ ಪತ್ರಿಕೆಯಲ್ಲಿ ಮಟ್ಟ, ಒಳಹರಿವು, ಹೊರಹರಿವು ಮೂರನ್ನೂ ಒಟ್ಟಿಗೆ ಓದಿ. ಮಟ್ಟ 124 ದಾಟಿ, ಒಳಹರಿವು ಇನ್ನೂ ಏರುತ್ತಿದ್ದರೆ ನದಿಪಾತ್ರದ ಪಂಪ್‌ಸೆಟ್ ಮೇಲಕ್ಕೆತ್ತಿ, ದನಕರು ಎತ್ತರಕ್ಕೆ ಹೊಡೆಯುವ ಸಮಯ ಬಂತೆಂದು ತಿಳಿಯಿರಿ.

ಒಂದು ಕ್ಯುಸೆಕ್ ಎಂದರೆ ಸೆಕೆಂಡಿಗೆ ಸುಮಾರು 28 ಲೀಟರ್. ಒಂದು ಲಕ್ಷ ಕ್ಯುಸೆಕ್ ಆರು ದಿನ ಹರಿದರೆ ಇಡೀ ಕಟ್ಟೆಯಷ್ಟು ನೀರು ಹೋದಂತೆ! 2019ರಲ್ಲೂ 2024ರಲ್ಲೂ ಹೊರಹರಿವು ಆ ಲಕ್ಷವನ್ನು ದಾಟಿತ್ತು. ಅಷ್ಟು ನೀರು ಬಿಟ್ಟಾಗ ಶ್ರೀರಂಗಪಟ್ಟಣದಲ್ಲಿ 1804ರ ವೆಲ್ಲೆಸ್ಲಿ ಸೇತುವೆಯ ಮೇಲೆ ಓಡಾಟ ನಿಲ್ಲಿಸುತ್ತಾರೆ. ರಂಗನತಿಟ್ಟಿನ ದೋಣಿಗಳು ದಡ ಸೇರುತ್ತವೆ, ನಿಮಿಷಾಂಬ ಗುಡಿಯ ಸ್ನಾನಘಟ್ಟ ಮುಳುಗುತ್ತದೆ. ಇದೇ ಕಟ್ಟೆಯ ನೀರು ವಿಶ್ವೇಶ್ವರಯ್ಯ ನಾಲೆಯಲ್ಲಿ ಹರಿದು ಭತ್ತ, ಕಬ್ಬು ಬೆಳೆಸುವುದರಿಂದ, ಕಟ್ಟೆ ತುಂಬಿತೆಂದು ಊರೆಲ್ಲ ಹಿಗ್ಗುವ ದಿನವೇ ದಂಡೆಯ ರೈತನಿಗೆ ಗದ್ದೆಯ ಚಿಂತೆ.

ಮಳವಳ್ಳಿಯವರಿಗೆ ಕನ್ನಂಬಾಡಿಯ ಲೆಕ್ಕವೊಂದೇ ಸಾಲದು. ತಿರುಮಕೂಡಲು ನರಸೀಪುರದಲ್ಲಿ ಕಬಿನಿ ಬಂದು ಕೂಡುತ್ತದೆ. ಕಬಿನಿ ಜಲಾಶಯದಿಂದ ಬಿಟ್ಟದ್ದನ್ನೂ ಸೇರಿಸಿಕೊಳ್ಳಬೇಕು. ಗಗನಚುಕ್ಕಿ ಜಲಪಾತ ಭೋರ್ಗರೆಯುವಾಗ ಜನ ಮುಗಿಬೀಳುತ್ತಾರೆ. ದೂರದಿಂದ ನೋಡಿ, ಸಂತೋಷಪಡಿ. ಮುತ್ತತ್ತಿಯಲ್ಲಂತೂ ಯಾವ ಕಾಲದಲ್ಲೂ ಸುಳಿಗಳಿರುವ ಹೊಳೆಯನ್ನು ನಂಬಿ ಇಳಿಯಬೇಡಿ.

ಮದ್ದೂರಿನ ಶಿಂಷಾ ಹೊಳೆಯ ಲೆಕ್ಕ ಬೇರೆಯೇ. ಅದರ ಮಳೆ ತುಮಕೂರಿನದು. ಮೇಲಿನ ಮಾರ್ಕೋನಹಳ್ಳಿ ಜಲಾಶಯದಲ್ಲಿ ಸೈಫನ್‌ಗಳಿವೆ. ತುಂಬಿದೊಡನೆ ಯಾರೂ ಗೇಟು ಎತ್ತದೆಯೇ ನೀರು ತಾನಾಗಿ ಹೊರಬೀಳುತ್ತದೆ.

ಕ್ಯುಸೆಕ್‌ನಲ್ಲಿ ಕೊಡುವ ಎಚ್ಚರಿಕೆ ಎಲ್ಲರಿಗೂ ಅರ್ಥವಾಗುವುದಿಲ್ಲ ಎಂಬುದು ನನ್ನ ಅಭಿಪ್ರಾಯ. ಎಷ್ಟು ಬಿಟ್ಟರೆ ಯಾವ ಘಟ್ಟದ ಮೆಟ್ಟಿಲು, ಯಾವ ರಸ್ತೆ ಮುಳುಗುತ್ತದೆಂದು ಪ್ರತಿ ಪಂಚಾಯಿತಿಯೂ ಗೋಡೆಯ ಮೇಲೆ ಬರೆಸಬೇಕು. ಅದಾಗುವವರೆಗೆ ನೀವೇ ವಿಚಾರಿಸಿ: ಹೊಳೆದಂಡೆಯಲ್ಲಿ ಮನೆ ಬಾಡಿಗೆಗೆ ಹಿಡಿಯುವ ಮುಂಚೆ, 2019ರಲ್ಲಿ ನೀರು ಎಲ್ಲಿಯವರೆಗೆ ಬಂದಿತ್ತೆಂದು ಅಕ್ಕಪಕ್ಕದ ಹಿರಿಯರನ್ನು ಕೇಳಿ.