ಹಸುರು ಶೈವಲವೆಂದರೆ ಯಾವುದು?

ಧಾರವಾಡ ಜಿಲ್ಲೆಯ ನವಲಗುಂದ, ಅಣ್ಣಿಗೇರಿಗಳ ಎರೆಭೂಮಿಯಲ್ಲಿ ನೆಲವನ್ನು ತೋಡಿದರೆ ದೊರೆಯುವ ನೀರು ಬಹುಮಟ್ಟಿಗೆ ಸವಳು. ಆದುದರಿಂದ ಅಲ್ಲಿಯ ಹಳ್ಳಿಗರ ಬಾಳಿಗೆ ಕೆರೆಯ ಸಿಹಿನೀರೇ ಆಧಾರವಾಗಿ ಬಂದಿದೆ. ಮಳೆಯಿಂದಲೋ ಮಲಪ್ರಭೆಯ ಕಾಲುವೆಯಿಂದಲೋ ಒಮ್ಮೆ ತುಂಬಿದ ಕೆರೆ ತಿಂಗಳುಗಟ್ಟಲೆ ನಿಂತಿರುತ್ತದೆ. ಬೇಸಗೆ ಬಲಿತಂತೆ ನೀರು ಇಳಿಯುತ್ತದೆ. ದಂಡೆಯ ಮಗ್ಗುಲಲ್ಲಿ ಹಸುರು ಕಾಣಿಸಿಕೊಳ್ಳುತ್ತದೆ. ಆ ಹಸುರನ್ನು ಕೆಲವರು ಪಾಚಿಯೆನ್ನುತ್ತಾರೆ, ಕೆಲವರು ಹಾವಸೆಯೆನ್ನುತ್ತಾರೆ. ಶಾಲೆಯಲ್ಲಿ ಓದಿದವರು ಹಸುರು ಶೈವಲವೆಂದೋ ಕ್ಲೋರೊಫೈಟವೆಂದೋ ಕರೆಯುತ್ತಾರೆ.

ಈ ನಾಲ್ಕು ಮಾತುಗಳೂ ಒಂದೇ ವಸ್ತುವಿನ ಹೆಸರುಗಳೆಂದು ಸಾಮಾನ್ಯವಾಗಿ ನಾವು ಭಾವಿಸುತ್ತೇವೆ. ಅದು ಸರಿಯಲ್ಲ. ಮೊದಲಿನ ಎರಡು ಮಾತುಗಳು ಕಣ್ಣಿಗೆ ಕಂಡದ್ದನ್ನು ಹೇಳುತ್ತವೆ. ಕಡೆಯ ಎರಡು ವಸ್ತುವಿನ ಒಳರಚನೆಯನ್ನೂ ವಂಶವನ್ನೂ ಹೇಳುತ್ತವೆ. ಈ ಅಂತರ ಕೇವಲ ಪಂಡಿತರ ಚರ್ಚೆಗೆ ಸೇರಿದುದಲ್ಲ. ಕೆರೆಯ ನೀರನ್ನು ಕುಡಿಯುವವರಿಗೂ ದನಕರುಗಳಿಗೆ ಕುಡಿಸುವವರಿಗೂ ಅದು ಪ್ರಾಣಕ್ಕೆ ಸಂಬಂಧಿಸಿದ ವಿಷಯವಾಗಬಹುದು. ಹೇಗೆಂಬುದನ್ನು ಮುಂದೆ ನೋಡೋಣ.

ಹೆಸರಿನ ಬೇರು

ಪಾಚಿ ಎಂಬುದು ಅಚ್ಚ ದ್ರಾವಿಡ ಪದ. ತಮಿಳಿನಲ್ಲಿಯೂ ಅದೇ ರೂಪವಿದೆ. ಬರೋ ಮತ್ತು ಎಮೆನೋ ಎಂಬ ವಿದ್ವಾಂಸರು 1961ರಲ್ಲಿ ಪ್ರಕಟಿಸಿದ ದ್ರಾವಿಡ ನಿಷ್ಪತ್ತಿಕೋಶದಲ್ಲಿ ಈ ಪದವನ್ನು ಹಸುರು, ಪಚ್ಚೆ ಮುಂತಾದ ಮಾತುಗಳ ಕುಲಕ್ಕೇ ಸೇರಿಸಿದ್ದಾರೆ. ಎಂದರೆ ಪಾಚಿ ಎಂದಾಗಲೇ ಹಸುರು ಎಂದು ಅರ್ಧ ಹೇಳಿದಂತಾಯಿತು. ಹಾವಸೆಯ ಹಳೆಯ ರೂಪ ಪಾವಸೆ. ವಚನಕಾರರೂ ಬಳಸಿದ ಈ ಮಾತಿನಲ್ಲಿ ಬಣ್ಣಕ್ಕಿಂತ ಕಾಲು ಜಾರಿಸುವ ಗುಣವೇ ಮುಂದಾಗಿ ತೋರುತ್ತದೆ. ಇನ್ನು ಶೈವಲ ಎಂಬುದು ಸಂಸ್ಕೃತ. ಕಾವ್ಯಗಳಲ್ಲಿ ಅದು ತಾವರೆಯ ಸುತ್ತ ಹಬ್ಬುವ ನೀರುಗಿಡಗಳಿಗೆ ಬರುವ ಹೆಸರು. ಆಧುನಿಕ ಪರಿಭಾಷೆಯು ಅದಕ್ಕೆ ಹೊಸ ಅರ್ಥವನ್ನು ಕೊಟ್ಟು, ಬೇರು, ಕಾಂಡ, ಎಲೆಗಳೆಂಬ ನಿಜವಾದ ಭೇದವಿಲ್ಲದ, ಬೆಳಕಿನಿಂದ ಆಹಾರವನ್ನು ತಯಾರಿಸಿಕೊಳ್ಳುವ ಸರಳ ಜೀವಿಗಳಿಗೆ ಮೀಸಲಿರಿಸಿತು.

ಕ್ಲೋರೊಫೈಟ ಎಂಬುದು ಗ್ರೀಕ್ ಮೂಲದ್ದು. ಖ್ಲೋರೋಸ್ ಎಂದರೆ ಹಳದಿ ಬೆರೆತ ಎಳೆಹಸುರು. ಫೈಟಾನ್ ಎಂದರೆ ಸಸ್ಯ. ಇದೇ ಮೊದಲ ಪದದಿಂದ 1810ರಲ್ಲಿ ಹಂಫ್ರಿ ಡೇವಿ ಒಂದು ಅನಿಲಕ್ಕೆ ಕ್ಲೋರಿನ್ ಎಂದು ಹೆಸರಿಟ್ಟನು, ಅನಿಲದ ಬಣ್ಣ ಹಾಗಿದ್ದುದರಿಂದ. ಇದೇ ಪದದಿಂದ ಪೆಲೆತಿಯೇ ಮತ್ತು ಕಾವಾಂತು ಎಂಬ ಫ್ರೆಂಚ್ ವಿಜ್ಞಾನಿಗಳು ಎಲೆಯ ಹಸುರು ದ್ರವ್ಯಕ್ಕೆ ಕ್ಲೋರೊಫಿಲ್ ಎಂದು ಹೆಸರು ಕೊಟ್ಟರು. ಇದನ್ನು ಕನ್ನಡದಲ್ಲಿ ಪತ್ರಹರಿತ್ತು ಎನ್ನುತ್ತೇವೆ. ವಿದ್ಯಾರ್ಥಿಗಳು ಇಲ್ಲಿ ಮೋಸಹೋಗಬಾರದು: ಪತ್ರಹರಿತ್ತಿನಲ್ಲಿ ಕ್ಲೋರಿನ್ ಇಲ್ಲ, ಅದರ ಅಣುವಿನ ನಡುವೆ ಇರುವುದು ಮೆಗ್ನೀಸಿಯಂ. ಹೆಸರಿನ ನಂಟು ಬಣ್ಣದ ನಂಟು ಮಾತ್ರ.

1836ರಲ್ಲಿ ಐರ್ಲೆಂಡಿನ ಹಾರ್ವಿ ಎಂಬ ಸಸ್ಯವಿಜ್ಞಾನಿ ಶೈವಲಗಳನ್ನು ಹಸುರು, ಕೆಂಪು, ಕಂದು ಎಂದು ಬಣ್ಣದ ಮೇಲೆ ವಿಂಗಡಿಸಿದನು. ಆರಂಭಕ್ಕೆ ಅದು ಒಳ್ಳೆಯ ಉಪಾಯವೇ ಆಗಿತ್ತು. ಆದರೆ ಬಣ್ಣವನ್ನು ಮಾತ್ರ ನಂಬಿದವನು ಎಲ್ಲಿ ಎಡವುತ್ತಾನೆ ಎಂಬುದನ್ನು ನಾವು ನೋಡಬೇಕು.

ಮೂರು ಗುರುತುಗಳು

ಪಶ್ಚಿಮಘಟ್ಟದ ಮಳೆಸೀಮೆಯಲ್ಲಿ ಮರದ ತೊಗಟೆಯ ಮೇಲೆ, ಹಳೆಯ ಗೋಡೆಗಳ ಮೇಲೆ ಕಿತ್ತಳೆಗೆಂಪಿನ ಮಖಮಲ್ಲಿನಂಥ ಲೇಪವನ್ನು ಕಾಣುತ್ತೇವೆ. ಅದರ ಹೆಸರು ಟ್ರೆಂಟಿಪೋಲಿಯ. ಅದೊಂದು ಹಸುರು ಶೈವಲ! ಅದರಲ್ಲಿ ಪತ್ರಹರಿತ್ತು ಇದ್ದೇ ಇದೆ; ಗಜ್ಜರಿಗೆ ಬಣ್ಣ ಕೊಡುವ ಕೆರೋಟಿನ್ ದ್ರವ್ಯ ಹೇರಳವಾಗಿ ತುಂಬಿಕೊಂಡು ಹಸುರನ್ನು ಮರೆಸಿದೆ, ಅಷ್ಟೆ. ಇದಕ್ಕೆ ವಿರುದ್ಧವಾಗಿ, ಕೆರೆಯ ಮೇಲೆ ಹಸುರು ಬಣ್ಣ ಬಳಿದಂತೆ ಹರಡುವ ಮೈಕ್ರೊಸಿಸ್ಟಿಸ್ ನೋಟಕ್ಕೆ ಅಪ್ಪಟ ಹಸುರು, ಆದರೆ ಅದು ಹಸುರು ಶೈವಲವೇ ಅಲ್ಲ; ಬ್ಯಾಕ್ಟೀರಿಯಗಳ ಗುಂಪಿಗೆ ಸೇರಿದುದು. ಗೊಬ್ಬರದ ಅಂಶ ಸೇರಿದ ಹೊಂಡಗಳಲ್ಲಿ ಬೆಳೆಯುವ ಯೂಗ್ಲೀನವೂ ಹಸುರೇ, ಅದೂ ಈ ಗುಂಪಿನದಲ್ಲ.

ಹಾಗಾದರೆ ಗುರುತೇನು? ಮೂರು ಲಕ್ಷಣಗಳು ಒಟ್ಟಾಗಿ ಇರಬೇಕು. ಒಂದು, ಪತ್ರಹರಿತ್ತಿನ ಎ ಮತ್ತು ಬಿ ಎಂಬ ಎರಡು ಬಗೆಗಳೂ ಇರಬೇಕು. ಎರಡು, ತಯಾರಾದ ಆಹಾರವು ಪಿಷ್ಟದ ರೂಪದಲ್ಲಿ, ಪತ್ರಹರಿತ್ತನ್ನು ಹೊತ್ತಿರುವ ಕಣದ ಒಳಗೇ ಶೇಖರವಾಗಬೇಕು. ಮೂರು, ಆ ಕಣಕ್ಕೆ ಎರಡೇ ಪೊರೆಗಳಿರಬೇಕು. ಯೂಗ್ಲೀನಕ್ಕೆ ಮೊದಲನೆಯ ಗುರುತು ಉಂಟು; ಆದರೆ ಅದು ಪಿಷ್ಟವನ್ನು ಕೂಡಿಸುವುದಿಲ್ಲ, ಅದರ ಕಣಕ್ಕೆ ಮೂರು ಪೊರೆಗಳು. ಅದರ ಪೂರ್ವಜರು ಎಂದೋ ಒಂದು ಹಸುರು ಶೈವಲವನ್ನು ನುಂಗಿ ಒಳಗಿಟ್ಟುಕೊಂಡುದರ ಫಲ ಅದು. ಮೈಕ್ರೊಸಿಸ್ಟಿಸ್‌ಗೆ ಪತ್ರಹರಿತ್ತಿನ ಎ ಬಗೆ ಮಾತ್ರ ಇದೆ. ಕಣವೂ ಇಲ್ಲ, ಜೀವಕೋಶದಲ್ಲಿ ಕೇಂದ್ರವೂ ಇಲ್ಲ.

ಎ ಮತ್ತು ಬಿ ಎಂಬ ಭೇದವನ್ನು ಬೆಳಕೇ ತೋರಿಸಿಕೊಡುತ್ತದೆ. ಪತ್ರಹರಿತ್ತನ್ನು ತಕ್ಕ ದ್ರಾವಕದಲ್ಲಿ ಕರಗಿಸಿ, ಅದರ ಮೂಲಕ ಬಿಳಿಯ ಬೆಳಕನ್ನು ಹಾಯಿಸಿ, ವರ್ಣಪಟಲವನ್ನು ಪರೀಕ್ಷಿಸಿದರೆ ಕೆಲವು ಎಡೆಗಳಲ್ಲಿ ಕಪ್ಪು ಪಟ್ಟಿಗಳು ಕಾಣುತ್ತವೆ. ಎ ಬಗೆಯು ಸುಮಾರು 430 ಮತ್ತು 660 ನ್ಯಾನೊಮೀಟರ್ ತರಂಗಾಂತರಗಳ ಬೆಳಕನ್ನು ಹೆಚ್ಚಾಗಿ ಹೀರುತ್ತದೆ; ಬಿ ಬಗೆಯು ಸುಮಾರು 455 ಮತ್ತು 645ರ ಬೆಳಕನ್ನು. ನೀಲಿಯೂ ಕೆಂಪೂ ಹೀಗೆ ನುಂಗಿಹೋದ ಮೇಲೆ ಉಳಿದು ಬರುವುದು ನಡುವಿನ ಹಸುರು. ನಮ್ಮ ಕಣ್ಣು ಉಳಿದುದನ್ನು ಮಾತ್ರ ಕಾಣುತ್ತದೆ, ಹೀರಲ್ಪಟ್ಟುದನ್ನು ಕಾಣದು. ಆದುದರಿಂದಲೇ ಬೇರೆ ಬೇರೆ ದ್ರವ್ಯಗಳು ಒಂದೇ ಹಸುರಾಗಿ ತೋರುತ್ತವೆ. ವರ್ಣಪಟಲ ಮಾತ್ರ ಅವುಗಳನ್ನು ಬೇರ್ಪಡಿಸುತ್ತದೆ.

ವಿಶಾಲಾರ್ಥ ಮತ್ತು ಸಂಕುಚಿತಾರ್ಥ

ಮೇಲೆ ಹೇಳಿದ ಮೂರು ಗುರುತುಗಳೂ ಹೊಲದ ಜೋಳಕ್ಕೆ, ಬೇಲಿಯ ಬೇವಿಗೆ, ಗೋಡೆಯ ಮೇಲಿನ ಹಾವಸೆಗಿಡಕ್ಕೆ ಕೂಡ ಇವೆ. ಇದು ಆಕಸ್ಮಿಕವಲ್ಲ. ನೆಲದ ಸಸ್ಯಗಳೆಲ್ಲ ಹಸುರು ಶೈವಲಗಳ ಒಂದು ಕವಲಿನಿಂದಲೇ ಇಳಿದುಬಂದವು. ಆದುದರಿಂದ ಹಸುರು ಶೈವಲ ಎಂಬ ಗುಂಪು, ಮನೆತನದ ವಂಶಾವಳಿಯನ್ನು ಬರೆಯುವಾಗ ಕೊಟ್ಟ ಹೆಣ್ಣುಮಕ್ಕಳ ಸಂತತಿಯನ್ನು ಬಿಟ್ಟು ಬರೆದಂತೆ. ಬಿಟ್ಟುದರಿಂದ ನಂಟು ಕಡಿದುಹೋಗುವುದಿಲ್ಲ. ಪಟ್ಟಿ ಮಾತ್ರ ಅಪೂರ್ಣವಾಗುತ್ತದೆ.

1914ರಲ್ಲಿ ಪಾಶರ್ ಎಂಬ ವಿಜ್ಞಾನಿ ಕ್ಲೋರೊಫೈಟ ಎಂಬ ಹೆಸರನ್ನು ಶೈವಲಗಳ ಒಂದು ಮಹಾವಿಭಾಗಕ್ಕೆ ಬಳಸಿದನು. ಬಹುಕಾಲ ಪಠ್ಯಪುಸ್ತಕಗಳಲ್ಲಿ ಎಲ್ಲ ಹಸುರು ಶೈವಲಗಳೂ ಈ ಹೆಸರಿನಡಿಯಲ್ಲಿ ಬಂದವು. ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಎಲೆಕ್ಟ್ರಾನ್ ಸೂಕ್ಷ್ಮದರ್ಶಕವು ಜೀವಕೋಶ ಒಡೆದು ಎರಡಾಗುವ ಬಗೆಯನ್ನು ಬಿಡಿಬಿಡಿಯಾಗಿ ತೋರಿಸಿತು. ಆ ಬಳಿಕ ಡಿಎನ್‌ಎ ಹೋಲಿಕೆಯೂ ಬಂದಿತು. ಎರಡೂ ಸಾಕ್ಷ್ಯಗಳು ಒಂದೇ ಮಾತನ್ನು ಹೇಳಿದವು: ಹಸುರು ಶೈವಲಗಳಲ್ಲಿ ಎರಡು ದೊಡ್ಡ ಕವಲುಗಳಿವೆ. ಒಂದರಲ್ಲಿ ಕ್ಲಾಮಿಡೊಮೊನಾಸ್, ವಾಲ್ವಾಕ್ಸ್, ಕ್ಲೋರೆಲ್ಲ, ಬಲೆಯಂತೆ ಹೆಣೆದುಕೊಳ್ಳುವ ಹೈಡ್ರೊಡಿಕ್ಟಿಯಾನ್, ಕಾರವಾರದ ಕಡಲಬಂಡೆಗಳ ಮೇಲಿನ ಅಲ್ವ, ನಾವು ಕಂಡ ಟ್ರೆಂಟಿಪೋಲಿಯ ಮುಂತಾದವು ಸೇರುತ್ತವೆ. ಇಂದು ಕಟ್ಟುನಿಟ್ಟಾಗಿ ಕ್ಲೋರೊಫೈಟವೆಂದರೆ ಈ ಕವಲು ಮಾತ್ರ. ಇನ್ನೊಂದು ಕವಲಿನಲ್ಲಿ ಕಾರ, ನೈಟೆಲ್ಲ, ಸ್ಪೈರೊಗೈರಗಳೂ ಅವುಗಳೊಡನೆ ನೆಲದ ಸಸ್ಯಗಳೆಲ್ಲವೂ ಇವೆ. ಇದಕ್ಕೆ ಸ್ಟ್ರೆಪ್ಟೊಫೈಟವೆಂದು ಹೆಸರು.

ಇದರ ಪರಿಣಾಮ ವಿಚಿತ್ರವಾದುದು. ಕಾಲೇಜಿಗೆ ಕಾಲಿಟ್ಟ ಪ್ರತಿಯೊಬ್ಬ ಸಸ್ಯವಿಜ್ಞಾನದ ವಿದ್ಯಾರ್ಥಿಯೂ ಹಸುರು ಶೈವಲಕ್ಕೆ ಮೊದಲ ಉದಾಹರಣೆಯಾಗಿ ಕಲಿಯುವ ಸ್ಪೈರೊಗೈರ, ಸಂಕುಚಿತಾರ್ಥದಲ್ಲಿ ಕ್ಲೋರೊಫೈಟವೇ ಅಲ್ಲ! ಅದು ವಾಲ್ವಾಕ್ಸ್‌ಗಿಂತ ನಮ್ಮ ಹೊಲದ ಜೋಳಕ್ಕೆ ಹತ್ತಿರದ ನಂಟ.

ಇಲ್ಲಿ ನಮ್ಮ ದೇಶದ ಒಂದು ನಿದರ್ಶನವನ್ನು ನೆನೆಯಬೇಕು. ಭಾರತದಲ್ಲಿ ಶೈವಲವಿಜ್ಞಾನಕ್ಕೆ ಭದ್ರವಾದ ಬುನಾದಿ ಹಾಕಿದ ಮದರಾಸಿನ ಎಂ.ಓ.ಪಿ. ಅಯ್ಯಂಗಾರ್ಯರು (1886–1963) ದಕ್ಷಿಣ ಭಾರತದ ತೇವದ ಮಣ್ಣಿನಲ್ಲಿ ಬೆಳೆಯುವ ಒಂದು ಹಸುರು ಶೈವಲವನ್ನು 1932ರಲ್ಲಿ ವರ್ಣಿಸಿ, ಆಂಗ್ಲ ವಿಜ್ಞಾನಿ ಫ್ರಿಟ್ಷ್ ಅವರ ಗೌರವಾರ್ಥವಾಗಿ ಫ್ರಿಟ್ಷಿಯೆಲ್ಲ ಎಂದು ಹೆಸರಿಟ್ಟರು. ಅದಕ್ಕೆ ಮಣ್ಣಿನೊಳಗೆ ಹೂತ ಭಾಗವೂ ಉಂಟು, ಮೇಲಕ್ಕೆ ನಿಂತ ಎಳೆಗಳೂ ಉಂಟು. ನೆಲದ ಸಸ್ಯಗಳ ಪೂರ್ವಜರು ಹೀಗೆಯೇ ಇದ್ದಿರಬೇಕೆಂದು ಅನೇಕರು ಊಹಿಸಿದರು. ಆದರೆ ಇಂದು ಫ್ರಿಟ್ಷಿಯೆಲ್ಲ ಸೇರುವುದು ಕ್ಲೋರೊಫೈಟದ ಕವಲಿಗೆ. ನೆಲದ ಮೇಲಿನ ಬಾಳಿಗೆ ಅದು ತನ್ನದೇ ದಾರಿಯಲ್ಲಿ ಹೊಂದಿಕೊಂಡಿತು. ನಮ್ಮ ಗಿಡಮರಗಳ ಮುತ್ತಜ್ಜ ಅದಲ್ಲ. ಅಯ್ಯಂಗಾರ್ಯರ ವರ್ಣನೆ ಇಂದಿಗೂ ನಿಂತಿದೆ, ಬದಲಾದುದು ವಂಶಾವಳಿ.

ಕೆರೆಯ ದಂಡೆಯಲ್ಲಿ

ಈಗ ಮತ್ತೆ ಎರೆಸೀಮೆಯ ಕೆರೆಗೆ ಬರೋಣ. ದಂಡೆಯ ಹಸುರು ಎಳೆಎಳೆಯಾದ ಹಸುರು ಶೈವಲವಾಗಿದ್ದರೆ ಅದರಿಂದ ವಾಸನೆ ಬಂದೀತು, ಕೊಳವೆಯ ಬಾಯಿ ಕಟ್ಟೀತು; ನೀರು ಅದರಿಂದ ವಿಷವಾಗುವ ಭಯ ಸಾಮಾನ್ಯವಾಗಿ ಇಲ್ಲ. ನೀಲಿಹಸುರು ಶೈವಲವೆಂದು ಹಿಂದೆ ಕರೆಯುತ್ತಿದ್ದ ಬ್ಯಾಕ್ಟೀರಿಯಗಳಾಗಿದ್ದರೆ ಮಾತು ಬೇರೆ. ಅವುಗಳಲ್ಲಿ ಎಲ್ಲವೂ ವಿಷಕಾರಿಗಳಲ್ಲ, ಆದರೆ ಕೆಲವು ಯಕೃತ್ತನ್ನೂ ಕೆಲವು ನರಗಳನ್ನೂ ಕೆಡಿಸುವ ವಿಷಗಳನ್ನು ತಯಾರಿಸುತ್ತವೆ. ಆಸ್ಟ್ರೇಲಿಯದ ಒಂದು ಸರೋವರದ ನೀರು ಕುಡಿದು ಕುರಿ, ದನ, ಕುದುರೆಗಳು ಸತ್ತ ಸಂಗತಿಯನ್ನು ಜಾರ್ಜ್ ಫ್ರಾನ್ಸಿಸ್ ಎಂಬವನು 1878ರಲ್ಲೇ ಪ್ರಕಟಿಸಿದ್ದನು. 1996ರಲ್ಲಿ ಬ್ರಜಿಲ್ ದೇಶದ ಕರುವಾರು ಎಂಬ ನಗರದಲ್ಲಿ, ರಕ್ತಶುದ್ಧಿಯ ಚಿಕಿತ್ಸೆಗೆ ಬಳಸಿದ ನೀರಿನಲ್ಲಿ ಈ ವಿಷ ಸೇರಿದ್ದುದರಿಂದ ಸುಮಾರು 50 ಮಂದಿ ರೋಗಿಗಳು ಮಡಿದರು. ಮೈಕ್ರೊಸಿಸ್ಟಿನ್ ಎಂಬ ವಿಷದ ಒಂದು ಮುಖ್ಯ ಬಗೆಗೆ, ಬಾಳುದ್ದಕ್ಕೂ ಕುಡಿಯುವ ನೀರಿನಲ್ಲಿ, ವಿಶ್ವ ಆರೋಗ್ಯ ಸಂಸ್ಥೆಯು ಹಾಕಿರುವ ಮಿತಿ ಲೀಟರಿಗೆ 1 ಮೈಕ್ರೊಗ್ರಾಂ ಮಾತ್ರ. ನೀರನ್ನು ಕುದಿಸಿದರೆ ಈ ವಿಷ ನಾಶವಾಗುವುದಿಲ್ಲ. ಬಟ್ಟೆಯಲ್ಲಿ ಸೋಸಿದರೂ ಹೋಗುವುದಿಲ್ಲ.

ಬಣ್ಣದಿಂದ ಭೇದ ತಿಳಿಯದೆಂದೆವು. ಆದರೆ ಹಳ್ಳಿಯ ಶಾಲೆಯ ಉಪಾಧ್ಯಾಯರೂ ಮಾಡಬಹುದಾದ ಕೆಲವು ಸರಳ ಪರೀಕ್ಷೆಗಳುಂಟು. ಕೈಗೆ ರಬ್ಬರಿನ ಚೀಲ ತೊಟ್ಟು, ಮಕ್ಕಳನ್ನು ದೂರವಿರಿಸಿ ಇವನ್ನು ಮಾಡತಕ್ಕದ್ದು.

ಒಂದು, ಕೋಲಿನ ಪರೀಕ್ಷೆ. ಉದ್ದನೆಯ ಕೋಲನ್ನು ಹಸುರಿನಲ್ಲಿ ಆಡಿಸಿ ಮೇಲೆತ್ತಬೇಕು. ಕೂದಲಿನಂತೆ, ನೂಲಿನಂತೆ ಎಳೆಗಳು ಜೋತುಬಿದ್ದರೆ ಹಸುರು ಶೈವಲವಾಗಿರುವ ಸಂಭವ ಹೆಚ್ಚು. ಕೋಲಿಗೆ ಬಣ್ಣ ಬಳಿದಂತೆ ಅಂಟಿದರೆ ಸಂಶಯಪಡಬೇಕು.

ಎರಡು, ಸೀಸೆಯ ಪರೀಕ್ಷೆ. ಗಾಜಿನ ಸೀಸೆಯಲ್ಲಿ ಮುಕ್ಕಾಲು ಪಾಲು ಕೆರೆಯ ನೀರು ತುಂಬಿ, ಅಲುಗಿಸದೆ ಒಂದು ರಾತ್ರಿ ತಂಪಿನಲ್ಲಿ ಇಡಬೇಕು. ಹಸುರು ತಳಕ್ಕೆ ಇಳಿದರೆ ಭಯ ಕಡಿಮೆ. ಕೆನೆಯಂತೆ ಮೇಲಕ್ಕೆ ಬಂದು ನಿಂತರೆ ಅದು ನೀಲಿಹಸುರು ಬ್ಯಾಕ್ಟೀರಿಯವಿರಬಹುದು. ಅವುಗಳ ಜೀವಕೋಶಗಳಲ್ಲಿ ತೇಲಿಸುವ ಗಾಳಿಯ ಕೋಶಿಕೆಗಳಿರುತ್ತವೆ.

ಮೂರು, ನೀಲಿಯ ಪರೀಕ್ಷೆ. ಹಸುರನ್ನು ಮಂಜುಗಟ್ಟಿಸಿ ಕರಗಿಸಿ, ತಿಳಿನೀರಿನಲ್ಲಿ ನೆನೆಯಿಡಬೇಕು. ಪತ್ರಹರಿತ್ತು ನೀರಿನಲ್ಲಿ ಕರಗದು. ಆದರೆ 620 ನ್ಯಾನೊಮೀಟರಿನ ಸುತ್ತಿನ ಬೆಳಕನ್ನು ಹೀರುವ ಫೈಕೊಸಯನಿನ್ ಎಂಬ ನೀಲಿ ದ್ರವ್ಯ ನೀರಿನಲ್ಲಿ ಕರಗುತ್ತದೆ. ಹಸುರು ಶೈವಲದಲ್ಲಿ ಅದು ಇಲ್ಲ. ನೀರು ನೀಲಿಯಾದರೆ ಅದು ಎಚ್ಚರಿಕೆಯ ಗುರುತು. ದಂಡೆಯಲ್ಲಿ ಒಣಗಿದ ಹಸುರಿನ ಅಂಚಿನಲ್ಲಿ ನೀಲಿಯ ಕಲೆ ಕಂಡರೂ ಅರ್ಥ ಅದೇ.

ಇವು ಸಂಶಯವನ್ನು ಹುಟ್ಟಿಸುವ ಪರೀಕ್ಷೆಗಳೇ ಹೊರತು ತೀರ್ಪು ಕೊಡುವವಲ್ಲ. ತೀರ್ಪಿಗೆ ಸೂಕ್ಷ್ಮದರ್ಶಕವೂ ಪ್ರಯೋಗಾಲಯವೂ ಬೇಕು. ಸಂಶಯ ಬಂದಾಗ ಆ ನೀರನ್ನು ಕುಡಿಯುವುದನ್ನೂ ದನಗಳಿಗೆ ಕುಡಿಸುವುದನ್ನೂ ನಿಲ್ಲಿಸಿ, ನೀರನ್ನು ಪರೀಕ್ಷೆಗೆ ಕಳುಹಿಸಬೇಕು. ಇನ್ನೊಂದು ಮಾತು ಮುಖ್ಯವಾದುದು. ಹಸುರು ಕಂಡೊಡನೆ ಕೆರೆಗೆ ಮೈಲುತುತ್ತವನ್ನೋ ಬ್ಲೀಚಿಂಗ್ ಪುಡಿಯನ್ನೋ ಸುರಿಯುವುದು ತಪ್ಪು. ಹಸುರು ಮಾಯವಾಗುವುದು ನಿಜ. ಆದರೆ ನೀಲಿಹಸುರು ಬ್ಯಾಕ್ಟೀರಿಯಗಳಾಗಿದ್ದರೆ ಅವುಗಳ ಜೀವಕೋಶಗಳು ಒಡೆದು, ಒಳಗಿದ್ದ ವಿಷವೆಲ್ಲ ಒಮ್ಮೆಗೇ ನೀರಿಗೆ ಬೆರೆಯುತ್ತದೆ. ನೋಡಲು ತಿಳಿಯಾದ ನೀರು ಮುಂಚಿಗಿಂತ ಕೆಟ್ಟದಾಗಿರುತ್ತದೆ.

ಬಳಕೆಯ ನಿಯಮ

ಇಷ್ಟರಿಂದ ಪದಗಳ ಬಳಕೆಗೆ ಒಂದು ಕ್ರಮವನ್ನು ನಾವು ಇಟ್ಟುಕೊಳ್ಳಬಹುದು. ಪಾಚಿ, ಹಾವಸೆ ಎಂಬವು ನಿತ್ಯದ ಮಾತಿನಲ್ಲಿ ಇರಲಿ. ಜಾರುವ ಹಸುರಿಗೆಲ್ಲ ಅವು ಸಲ್ಲುತ್ತವೆ, ಆದರೆ ಅವುಗಳಿಂದ ಯಾವ ಜೀವಿಯೆಂಬುದು ತೀರ್ಮಾನವಾಗದು. ಮೂರು ಗುರುತುಗಳುಳ್ಳ, ನೆಲದ ಸಸ್ಯವಲ್ಲದ ಜೀವಿಗಳಿಗೆಲ್ಲ ಒಟ್ಟಾಗಿ ಹಸುರು ಶೈವಲವೆನ್ನೋಣ. ಅವುಗಳ ಒಂದು ಕವಲಿಗೆ ಮಾತ್ರ ಕ್ಲೋರೊಫೈಟ ಎಂಬ ಹೆಸರನ್ನು ಮೀಸಲಿಡೋಣ. ನೀಲಿಹಸುರು ಶೈವಲ ಎಂಬ ಹಳೆಯ ಹೆಸರನ್ನು ಬಿಟ್ಟು ನೀಲಿಹಸುರು ಬ್ಯಾಕ್ಟೀರಿಯ ಎನ್ನೋಣ. ಆ ಶೈವಲ ಎಂಬ ಬಾಲವೇ ಅದನ್ನು ನಿರಪಾಯವಾದುದರ ಸಾಲಿಗೆ ಸೇರಿಸಿ ಜನರನ್ನು ಮೈಮರೆಸುತ್ತದೆ.

ಕೆರೆ ಹಸುರಾಗಿದೆ ಎಂದು ಗ್ರಾಮಪಂಚಾಯತಿಗೆ ಅರ್ಜಿ ಬರೆಯುವವರು ಮುಂದೆ, ಎಳೆಯಾಗಿ ಜೋತುಬೀಳುತ್ತದೆಯೋ, ಬಣ್ಣದಂತೆ ಅಂಟುತ್ತದೆಯೋ ಎಂಬ ಒಂದು ಸಾಲನ್ನು ಸೇರಿಸಿ ಬರೆದರೆ, ಪರೀಕ್ಷಿಸುವವರಿಗೆ ಅರ್ಧ ದಾರಿಯನ್ನು ತೋರಿಸಿದಂತಾಗುವುದು.