ಆರು ಸೆಕೆಂಡಿನ ತಾಳ



ಮೊಹರಂ ಹಬ್ಬದಲ್ಲಿ ಅಲಾಯಿ ಕುಣಿಯುವಾಗ ಹಲಗೆಯ ಸದ್ದು ಕಿವಿಗೆ ಬಿದ್ದರೆ ಸಾಕು, ನಮ್ಮ ಕಾಲು ತಾನಾಗಿಯೇ ಹೆಜ್ಜೆ ಹಾಕುತ್ತದೆ. ಕುಣಿದವರು ಬಹಳ ಮಂದಿ. ಹಲಗೆ ಬಾರಿಸಿದವರ ಹೆಸರು ಕೇಳಿದವರು ಎಷ್ಟು ಮಂದಿ? ಈ ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟುಕೊಂಡು ದೂರದೇಶದ ಒಂದು ಸಂಗೀತದ ಕಥೆಯನ್ನು ತಿಳಿಯೋಣ.

1990ರ ದಶಕದ ಆರಂಭದಲ್ಲಿ ಇಂಗ್ಲೆಂಡಿನಲ್ಲಿ ‘ಡ್ರಮ್ ಅಂಡ್ ಬಾಸ್’ ಎಂಬ ಸಂಗೀತ ಹುಟ್ಟಿತು. ಬಾಸ್ ಎಂದರೆ ಮಂದ್ರಸ್ಥಾಯಿಯ ನಾದ. ಡ್ರಮ್ ನಿಮಿಷಕ್ಕೆ ಸುಮಾರು 160ರಿಂದ 180 ಪೆಟ್ಟುಗಳ ವೇಗದಲ್ಲಿ ಓಡುತ್ತದೆ. ಅದರ ಕೆಳಗೆ ಬಾಸ್ ಅನೇಕ ವೇಳೆ ಅರ್ಧ ವೇಗದಲ್ಲಿ ನಡೆಯುತ್ತದೆ. ಸಂಗೀತ ಪಾಠದ ಒಂದನೆಯ ಕಾಲವನ್ನೂ ಎರಡನೆಯ ಕಾಲವನ್ನೂ ಒಟ್ಟಿಗೆ ಕೇಳಿದಂತೆ ಇದು. ಇದನ್ನು ಸಿದ್ಧಪಡಿಸುವವರನ್ನು ಪ್ರೊಡ್ಯೂಸರ್ ಎನ್ನುತ್ತಾರೆ. ಸಿನಿಮಾ ನಿರ್ಮಾಪಕರಂತೆ ಇವರು ಹಣ ಹಾಕುವವರಲ್ಲ. ಸ್ಟುಡಿಯೋದಲ್ಲಿ ಕುಳಿತು ಧ್ವನಿಗಳನ್ನು ಕತ್ತರಿಸಿ, ಜೋಡಿಸಿ, ಸಂಗೀತ ಕಟ್ಟುವವರು.

ಅವರು ಕತ್ತರಿಸಿದ ಧ್ವನಿ ಎಲ್ಲಿಯದು? 1969ರಲ್ಲಿ ಅಮೆರಿಕದ ‘ದಿ ವಿನ್‌ಸ್ಟನ್ಸ್’ ತಂಡವು ‘ಅಮೆನ್, ಬ್ರದರ್’ ಎಂಬ ರೆಕಾರ್ಡನ್ನು ಹೊರತಂದಿತು. ಅದರ ನಡುವೆ ಉಳಿದ ವಾದ್ಯಗಳೆಲ್ಲ ನಿಂತು, ಗ್ರೆಗರಿ ಕೋಲ್‌ಮನ್ ಎಂಬವರು ಸುಮಾರು ಆರು ಸೆಕೆಂಡು ಡ್ರಮ್ ಮಾತ್ರ ನುಡಿಸುತ್ತಾರೆ. ಸ್ಯಾಂಪ್ಲರ್ ಎಂಬ ಯಂತ್ರ ಬಂದ ಮೇಲೆ ಆ ತುಣುಕನ್ನು ಎತ್ತಿಕೊಂಡು, ವೇಗ ಹೆಚ್ಚಿಸಿ, ಸಾವಿರಾರು ಹಾಡುಗಳಲ್ಲಿ ಬಳಸಿದರು. ಡ್ರಮ್ ಅಂಡ್ ಬಾಸ್‌ಗೆ ಅದೇ ಅಡಿಪಾಯವಾಯಿತು. ಆದರೆ ಕೋಲ್‌ಮನ್ನರಿಗೆ ಅದರಿಂದ ರಾಯಲ್ಟಿ ದೊರೆಯಲಿಲ್ಲ. 2006ರಲ್ಲಿ ಅವರು ಬಡತನದಲ್ಲಿಯೇ ತೀರಿಕೊಂಡರು. 2015ರಲ್ಲಿ ಕೇಳುಗರು ಸುಮಾರು 24,000 ಪೌಂಡ್ ಕೂಡಿಸಿ ತಂಡದ ನಾಯಕ ರಿಚರ್ಡ್ ಸ್ಪೆನ್ಸರರಿಗೆ ಕೊಟ್ಟರು. ಬಾರಿಸಿದವರು ಅದನ್ನು ನೋಡಲು ಉಳಿದಿರಲಿಲ್ಲ.

ಇದೇ ಸಂಗೀತದೊಳಗೆ ನಮ್ಮ ತಬಲಾವನ್ನು ತಂದವರು ಲಂಡನ್ನಿನಲ್ಲಿ ಹುಟ್ಟಿದ ತಲ್ವಿನ್ ಸಿಂಗ್. ಪಂಜಾಬಿಗೆ ಬಂದು ತಬಲಾ ಕಲಿತು ಹೋದ ಅವರು 1998ರಲ್ಲಿ ‘ಓಕೆ’ ಎಂಬ ಆಲ್ಬಂ ಹೊರತಂದರು. 1999ರಲ್ಲಿ ಅದಕ್ಕೆ ಬ್ರಿಟನ್ನಿನ ಮರ್ಕ್ಯುರಿ ಬಹುಮಾನ ಬಂದಿತು. ಮುಖಪುಟದ ಮೇಲೆ ಹೆಸರು ಒಬ್ಬರದೇ. ಒಳಗೆ ಸಾರಂಗಿ ವಾದಕ ಉಸ್ತಾದ್ ಸುಲ್ತಾನ್ ಖಾನ್ ಮೊದಲಾದವರ ನಾದವಿದೆ, ಅವರ ಹೆಸರುಗಳೂ ಅಲ್ಲಿ ಅಚ್ಚಾಗಿವೆ. ‘ಒಬ್ಬನೇ ಮಾಡಿದ’ ಕೆಲಸವೆಂಬುದು ಲೋಕದಲ್ಲಿ ಇಲ್ಲವೆಂದೇ ಹೇಳಬೇಕು.

ಈ ಪಾಠ ನಮಗೆ ಹೊಸದಲ್ಲ. ನಮ್ಮ ತೆಲಂಗಾಣದ ವೇಮುಲವಾಡದಲ್ಲಿ ಅರಿಕೇಸರಿಯ ಆಸ್ಥಾನದಲ್ಲಿದ್ದ ಪಂಪನು ಕ್ರಿ.ಶ. 941ರ ಸುಮಾರಿಗೆ ‘ವಿಕ್ರಮಾರ್ಜುನ ವಿಜಯ’ವನ್ನು ಬರೆದನು. ಕಥೆ ವ್ಯಾಸರದು, ಅದನ್ನು ಕನ್ನಡದಲ್ಲಿ ಹೊಸದಾಗಿ ಕಟ್ಟಿದ ರೀತಿ ಪಂಪನದು. ಆದರೂ ಕಾವ್ಯದ ಆರಂಭದಲ್ಲಿಯೇ ಅವನು ವ್ಯಾಸರನ್ನು ವಿನಯದಿಂದ ನೆನೆಯುತ್ತಾನೆ. ಇದರಿಂದ ಪಂಪನ ಹಿರಿಮೆ ಕುಗ್ಗಲಿಲ್ಲ, ಬೆಳೆಯಿತು.

ಮಕ್ಕಳೇ, ಬೇರೆಯವರಿಂದ ಪಡೆಯುವುದು ತಪ್ಪಲ್ಲ. ಪಡೆದುದನ್ನು ಮರೆಮಾಚುವುದು ತಪ್ಪು. ಪ್ರಬಂಧ ಬರೆಯುವಾಗ ಯಾವ ಪುಸ್ತಕದಿಂದ ತೆಗೆದುಕೊಂಡಿರೆಂದು ಒಂದು ಸಾಲು ಬರೆಯಿರಿ. ಅಜ್ಜಿ ಹೇಳಿದ ಕಥೆಯಾದರೆ ಅಜ್ಜಿಯ ಹೆಸರು ಬರೆಯಿರಿ. ಪಾಲಕರೂ ಮನೆಯಲ್ಲಿ ಇದನ್ನು ರೂಢಿ ಮಾಡಿಸಬೇಕೆಂದು ವಿನಂತಿ.

ಅಭ್ಯಾಸ: ಮುಂದಿನ ಹಬ್ಬದಲ್ಲಿ ನಿಮ್ಮ ಓಣಿಯಲ್ಲಿ ಹಲಗೆ ಬಾರಿಸುವವರ ಹೆಸರು ಕೇಳಿರಿ. ಅವರು ಯಾರಿಂದ ಕಲಿತರೆಂಬುದನ್ನೂ ಕೇಳಿ, ಐದು ವಾಕ್ಯಗಳಲ್ಲಿ ಬರೆದು ತನ್ನಿರಿ.